ಅಸಹಜ ಸಾವಿನ ಕಡತ ಮೊದಲ ದಿನವೇ ನ್ಯಾಯಾಲಯಕ್ಕೂ ತಲುಪಲಿ

ಮಾನ್ಯ ಸಂಪಾದಕರಿಗೆ,

ಬಾವಿಯಲ್ಲಿ ಶವ ಪತ್ತೆ, ನೇಣು ಬಿಗಿದ ಸ್ಥಿತಿಯಲ್ಲಿ ಗೃಹಿಣಿಯ ದೇಹ, ರೈಲು ಹಳಿಯ ಪಕ್ಕದಲ್ಲಿ ಅಪರಿಚಿತ ಯುವಕನ ಸಾವು ಎಂಬಂಥ ಸುದ್ದಿಗಳು ತಮ್ಮ ಪತ್ರಿಕೆಯ ಜಿಲ್ಲಾ ಪುಟಗಳಲ್ಲಿ ಬರುತ್ತಲೇ ಇರುತ್ತವೆ. ಅವುಗಳಲ್ಲಿ ಹೆಚ್ಚಿನವು ‘ಠಾಣೆಯಲ್ಲಿ ಅಸಹಜ ಸಾವಿನ ಪ್ರಕರಣ ದಾಖಲಾಗಿದೆ’ ಎಂಬ ಒಂದು ವಾಕ್ಯದೊಂದಿಗೆ ಮುಗಿಯುತ್ತವೆ. ಅದನ್ನು ಓದಿದವರು, ಪ್ರಕರಣ ದಾಖಲಾದ ಮೇಲೆ ಅದು ನ್ಯಾಯಾಲಯದ ಮುಂದೆ ಬಂದೇ ಬರುತ್ತದೆ, ನ್ಯಾಯಾಧೀಶರೊಬ್ಬರು ಅದನ್ನು ನೋಡುತ್ತಾರೆ ಎಂದು ನಂಬುವುದು ಸಹಜ. ಕ್ರಿಮಿನಲ್ ಪ್ರಕರಣಗಳನ್ನು ನಡೆಸುವ ವಕೀಲಳಾಗಿ ಹೇಳುವುದಾದರೆ, ಆ ನಂಬಿಕೆ ತಪ್ಪು. ಠಾಣೆಯ ಭಾಷೆಯಲ್ಲಿ ಯುಡಿಆರ್ ಎನಿಸಿಕೊಳ್ಳುವ ಈ ಕಡತವು, ಇಲ್ಲಿ ಅಪರಾಧ ನಡೆದಿರಬಹುದು ಎಂದು ಪೊಲೀಸರಿಗೇ ಅನ್ನಿಸಿ ಎಫ್‌ಐಆರ್ ದಾಖಲಾಗುವ ತನಕ, ಸಾಮಾನ್ಯವಾಗಿ ಯಾವ ನ್ಯಾಯಾಧೀಶರ ಮೇಜಿಗೂ ಬರುವುದಿಲ್ಲ. ಹಾಗೆ ಅನ್ನಿಸದೇ ಹೋದರೆ ಎಂದೂ ಬರುವುದಿಲ್ಲ.

ಕಾನೂನು ಇದನ್ನು ಹೇಗೆ ರೂಪಿಸಿದೆ ಎಂಬುದನ್ನು ಮೊದಲು ಹೇಳುತ್ತೇನೆ. 1973ರ ದಂಡ ಪ್ರಕ್ರಿಯಾ ಸಂಹಿತೆಯ 174ನೇ ಕಲಮು, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 194ನೇ ಕಲಮಾಗಿ ಮುಂದುವರಿದಿದೆ. ಆತ್ಮಹತ್ಯೆ, ಅಪಘಾತ, ಪ್ರಾಣಿ ಅಥವಾ ಯಂತ್ರದಿಂದಾದ ಸಾವು, ಇನ್ನೊಬ್ಬರಿಂದಾದ ಸಾವು, ಅಥವಾ ಯಾರೋ ಅಪರಾಧ ಎಸಗಿರಬಹುದೆಂಬ ಸಮಂಜಸ ಅನುಮಾನಕ್ಕೆ ಎಡೆಕೊಡುವ ಸಾವು ವರದಿಯಾದಾಗ ಠಾಣಾಧಿಕಾರಿಯು ಹತ್ತಿರದ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಿಗೆ (ಮ್ಯಾಜಿಸ್ಟ್ರೇಟರ ಅಧಿಕಾರವಿರುವ ಕಂದಾಯ ಅಧಿಕಾರಿಗೆ) ತಿಳಿಸಬೇಕು. ಬಳಿಕ ಶವವಿರುವ ಸ್ಥಳಕ್ಕೆ ಹೋಗಿ, ನೆರೆಹೊರೆಯ ಇಬ್ಬರು ಅಥವಾ ಹೆಚ್ಚು ಮಂದಿ ಗೌರವಾನ್ವಿತರ ಸಮಕ್ಷಮದಲ್ಲಿ ಶವಪಂಚನಾಮೆ ನಡೆಸಿ, ಮೈಮೇಲಿನ ಗಾಯ, ಮೂಳೆಮುರಿತ, ಬಾವು, ಗುರುತುಗಳನ್ನು ಬರೆದು, ಮೇಲ್ನೋಟಕ್ಕೆ ಕಾಣುವ ಸಾವಿನ ಕಾರಣವನ್ನು ದಾಖಲಿಸಬೇಕು. ಆ ವರದಿ 24 ಗಂಟೆಯೊಳಗೆ ಜಿಲ್ಲಾ ದಂಡಾಧಿಕಾರಿಗೆ ಅಥವಾ ಉಪವಿಭಾಗೀಯ ದಂಡಾಧಿಕಾರಿಗೆ ಹೋಗಬೇಕು ಎಂಬುದು ಹೊಸ ಸಂಹಿತೆಯ ಸೇರ್ಪಡೆ. ಅಂದರೆ ಜಿಲ್ಲಾಧಿಕಾರಿಗೆ ಅಥವಾ ಉಪವಿಭಾಗಾಧಿಕಾರಿಗೆ. ಭೂಸ್ವಾಧೀನ, ಪಡಿತರ, ಬರ ಪರಿಹಾರ, ಚುನಾವಣೆ, ಗಣ್ಯರ ಭೇಟಿ ಇವೆಲ್ಲವನ್ನೂ ನಿಭಾಯಿಸುವ ಕಚೇರಿಯಲ್ಲಿ ಈ ವರದಿಗೆ ಸಿಗುವ ಗಮನ ಎಷ್ಟು ಎಂಬುದನ್ನು ವಿವರಿಸಬೇಕಾಗಿಲ್ಲ. ಇದಕ್ಕೆ ಪ್ರತಿಯಾಗಿ, ಗಂಭೀರ ಅಪರಾಧದ ಎಫ್‌ಐಆರ್ ದಾಖಲಾದರೆ ಅದರ ವರದಿ ಕೂಡಲೇ ನ್ಯಾಯಿಕ ಮ್ಯಾಜಿಸ್ಟ್ರೇಟರನ್ನು ತಲುಪಬೇಕು, ತನಿಖೆಯ ದಿನಚರಿ ಬರೆಯಬೇಕು, ನ್ಯಾಯಾಲಯ ಅದನ್ನು ತರಿಸಿಕೊಂಡು ನೋಡಬಹುದು, ಕೊನೆಗೆ ಆರೋಪಪಟ್ಟಿಯನ್ನೋ ಬಿ ರಿಪೋರ್ಟನ್ನೋ (ಆರೋಪಕ್ಕೆ ಆಧಾರವಿಲ್ಲವೆಂದು ಪ್ರಕರಣ ಮುಗಿಸುವ ವರದಿ) ನ್ಯಾಯಾಧೀಶರ ಮುಂದೆ ಇಟ್ಟು ಅವರ ಆದೇಶ ಪಡೆಯಬೇಕು.

ಒಂದೇ ಸಾವು ಈ ಎರಡು ದಾರಿಗಳಲ್ಲಿ ಯಾವುದನ್ನು ಹಿಡಿಯಬೇಕು ಎಂಬುದನ್ನು ತೀರ್ಮಾನಿಸುವವರು ಮೊದಲ ಕೆಲವು ಗಂಟೆಗಳಲ್ಲಿ ಸ್ಥಳದಲ್ಲಿರುವ ಒಬ್ಬ ಸಬ್‌ಇನ್‌ಸ್ಪೆಕ್ಟರ್, ಬಹಳಷ್ಟು ಸಲ ಒಬ್ಬ ಎಎಸ್‌ಐ. ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೊದ ಲೆಕ್ಕದಂತೆ 2022ರಲ್ಲಿ ದೇಶದಲ್ಲಿ 1,70,924 ಆತ್ಮಹತ್ಯೆಗಳು ವರದಿಯಾಗಿದ್ದು, ಕರ್ನಾಟಕದ ಪಾಲು 13,606. ಅಪಘಾತ, ಮುಳುಗಡೆ, ವಿಷ, ವಿದ್ಯುತ್ ಸ್ಪರ್ಶದ ಸಾವುಗಳು ಇದಕ್ಕೆ ಹೊರತು. ಇವುಗಳಲ್ಲಿ ಬಹುಪಾಲು ಹೊರನೋಟಕ್ಕೆ ಹೇಗೆ ಕಾಣುತ್ತವೋ ಹಾಗೆಯೇ ಇರುತ್ತವೆ ಎಂಬುದನ್ನು ಒಪ್ಪುತ್ತೇನೆ. ಪ್ರತಿಯೊಂದು ಆತ್ಮಹತ್ಯೆಯ ಹಿಂದೆ ಕೊಲೆಯನ್ನು ಹುಡುಕಬೇಕೆಂಬುದು ನನ್ನ ವಾದವಲ್ಲ. ಯಾವುದು ಹಾಗಿಲ್ಲ ಎಂಬುದನ್ನು ಪತ್ತೆಹಚ್ಚುವ ಕೆಲಸವನ್ನು ಪೂರ್ತಿಯಾಗಿ ಒಬ್ಬ ಅಧಿಕಾರಿಯ ಮೊದಲ ಅಭಿಪ್ರಾಯಕ್ಕೆ ಬಿಟ್ಟು, ಆ ಅಭಿಪ್ರಾಯವನ್ನು ಹೊರಗಿನ ಕಣ್ಣೊಂದು ಪರಿಶೀಲಿಸುವ ಏರ್ಪಾಟೇ ಇಲ್ಲದಿರುವುದು ನನ್ನ ಆಕ್ಷೇಪ.

ಆ ಮೊದಲ ಗಂಟೆಗಳಲ್ಲಿ ಕೈತಪ್ಪುವುದು ಎಷ್ಟೆಂಬುದನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಇಡೀ ವಿಷಯದ ತಿರುಳು ಅಲ್ಲಿದೆ. ನೇಣಿನ ಪ್ರಕರಣದಲ್ಲಿ ಕೊರಳಿನ ಗುರುತು ಸಾಮಾನ್ಯವಾಗಿ ಮೇಲ್ಭಾಗದಲ್ಲಿದ್ದು, ಗಂಟಿನ ಕಡೆಗೆ ಓರೆಯಾಗಿ ಏರಿ, ಗಂಟಿನ ಹತ್ತಿರ ಕಡಿದುಹೋಗುತ್ತದೆ. ಹಗ್ಗದಿಂದ ಬಿಗಿದು ಕೊಂದಾಗ ಗುರುತು ಹೆಚ್ಚಾಗಿ ಕೊರಳಿನ ಕೆಳಭಾಗದಲ್ಲಿ ಅಡ್ಡಲಾಗಿ ಸುತ್ತುವರಿದಿರುತ್ತದೆ, ಒಳಗಿನ ಸ್ನಾಯುಗಳಲ್ಲಿ ರಕ್ತಸ್ರಾವ ಕಾಣುತ್ತದೆ. ಈ ವ್ಯತ್ಯಾಸವನ್ನು ವೈದ್ಯರು ಖಚಿತವಾಗಿ ಹೇಳಬೇಕಾದರೆ ಹಗ್ಗವೋ ಸೀರೆಯೋ ಗಂಟು ಬಿಚ್ಚದ ಸ್ಥಿತಿಯಲ್ಲಿ ಅವರ ಮುಂದೆ ಇರಬೇಕು, ಶವವನ್ನು ಇಳಿಸುವ ಮೊದಲು ತೆಗೆದ ಫೋಟೊ ಇರಬೇಕು, ತೂಗಿದ ಜಾಗದ ಎತ್ತರದ ಅಳತೆ ಇರಬೇಕು. ಸುಟ್ಟ ದೇಹವಾದರೆ ಶ್ವಾಸನಾಳದಲ್ಲಿ ಮಸಿ ಇದೆಯೇ, ರಕ್ತದಲ್ಲಿ ಕಾರ್ಬನ್ ಮಾನಾಕ್ಸೈಡ್ ಇದೆಯೇ ಎಂಬುದರಿಂದ, ಬೆಂಕಿ ಹತ್ತಿದಾಗ ಆ ವ್ಯಕ್ತಿ ಉಸಿರಾಡುತ್ತಿದ್ದರೇ ಎಂದು ತಿಳಿಯಬಹುದು. ವಿಷದ ಶಂಕೆಯಿದ್ದರೆ ಜಠರ, ಯಕೃತ್ತು, ಮೂತ್ರಪಿಂಡದ ಭಾಗಗಳನ್ನು ಉಪ್ಪಿನ ಗಾಢ ದ್ರಾವಣದಲ್ಲಿ ಹಾಕಿ ಮುದ್ರೆ ಒತ್ತಿ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಕಳುಹಿಸಬೇಕು. ತಪ್ಪಿ ಫಾರ್ಮಲಿನ್‌ನಲ್ಲಿ ಹಾಕಿದರೆ ಪರೀಕ್ಷೆಯೇ ಕೆಡುತ್ತದೆ. ಇವುಗಳಲ್ಲಿ ಹಲವನ್ನು ಆಮೇಲೆ ಮಾಡಲಾಗದು. ಚಿತೆ ಉರಿದ ಮೇಲೆ ಮಾಡುವ ಮಾತಂತೂ ಇಲ್ಲವೇ ಇಲ್ಲ. ಹೂತ ಶವವನ್ನಾದರೆ ಮ್ಯಾಜಿಸ್ಟ್ರೇಟರು ಹೊರತೆಗೆಸಬಹುದು, ಅದಕ್ಕೆ ಕಾನೂನಿನಲ್ಲಿ ಅವಕಾಶವಿದೆ.

ಹೊಸ ಸಂಹಿತೆ ವೈಜ್ಞಾನಿಕ ತನಿಖೆಗೆ ಒತ್ತು ಕೊಟ್ಟಿದೆ ಎಂದು ಸರ್ಕಾರಗಳು ಹೆಮ್ಮೆಯಿಂದ ಹೇಳುತ್ತವೆ. ಏಳು ವರ್ಷ ಅಥವಾ ಹೆಚ್ಚಿನ ಶಿಕ್ಷೆಯ ಅಪರಾಧಗಳಲ್ಲಿ ವಿಧಿವಿಜ್ಞಾನ ತಜ್ಞರು ಸ್ಥಳಕ್ಕೆ ಬಂದು ಸಾಕ್ಷ್ಯ ಸಂಗ್ರಹಿಸಬೇಕು, ಅದನ್ನು ವಿಡಿಯೊ ಮಾಡಬೇಕು ಎಂದು 176ನೇ ಕಲಮು ಹೇಳುತ್ತದೆ. ರಾಜ್ಯಗಳು ಐದು ವರ್ಷಗಳೊಳಗೆ ಇದನ್ನು ಜಾರಿಗೆ ತರಬೇಕು. ಒಳ್ಳೆಯದೇ. ಆದರೆ ಆ ಕಲಮು ಜೀವ ಪಡೆಯುವುದು ಅಪರಾಧದ ಮಾಹಿತಿ ದಾಖಲಾದಾಗ. ಯುಡಿಆರ್ ಎಂದು ಬರೆದುಕೊಂಡ ಸಾವಿಗೆ ಅದು ತಾನಾಗಿ ಅನ್ವಯಿಸುವುದಿಲ್ಲ. ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ಪೊಲೀಸ್ ಜಾಲತಾಣಕ್ಕೆ ಹಾಕಬೇಕೆಂದು ಸುಪ್ರೀಂ ಕೋರ್ಟ್ 2016ರಲ್ಲಿ ಕೊಟ್ಟ ಆದೇಶವೂ ಎಫ್‌ಐಆರ್‌ಗೆ ಸೀಮಿತ. ಸಾವು ಕೊಲೆಯೋ ಅಲ್ಲವೋ ಎಂಬುದನ್ನು ತಿಳಿಯಲು ಯಾವ ಸಾಧನಗಳು ಬೇಕೋ, ಅವು ಕೊಲೆಯೆಂದು ತಿಳಿದ ಮೇಲಷ್ಟೇ ದೊರೆಯುವ ವಿಚಿತ್ರ ಸ್ಥಿತಿ ಇದು.

ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು 2013ರ ನವೆಂಬರ್‌ನಲ್ಲಿ ಲಲಿತಾ ಕುಮಾರಿ ಪ್ರಕರಣದಲ್ಲಿ, ಸಂಜ್ಞೇಯ ಅಪರಾಧವನ್ನು (ವಾರಂಟ್ ಇಲ್ಲದೆ ಪೊಲೀಸರು ಬಂಧಿಸಬಹುದಾದ ಅಪರಾಧವನ್ನು) ತಿಳಿಸುವ ಮಾಹಿತಿ ಬಂದರೆ ಎಫ್‌ಐಆರ್ ದಾಖಲಿಸುವುದು ಕಡ್ಡಾಯ ಎಂದು ಹೇಳಿತು. ಅನುಮಾನಾಸ್ಪದ ಸಾವಿನ ವಿಷಯದಲ್ಲಿ ಈ ತೀರ್ಪನ್ನು ಬದಿಗೆ ಸರಿಸುವ ಸುಲಭ ಮಾರ್ಗವಾಗಿ ಯುಡಿಆರ್ ಬಳಕೆಯಾಗುತ್ತಿದೆ. ಮಗಳನ್ನು ಕೊಂದು ನೇಣಿಗೆ ಹಾಕಿದ್ದಾರೆ ಎಂದು ತಂದೆ ಬಾಯಿಬಿಟ್ಟು ಹೇಳಿದರೂ, ‘ಸದ್ಯಕ್ಕೆ ಯುಡಿಆರ್ ಮಾಡಿಕೊಳ್ಳುತ್ತೇವೆ, ಪಿಎಂ ರಿಪೋರ್ಟ್ ಬರಲಿ, ಆಮೇಲೆ ನೋಡೋಣ’ ಎಂಬ ಉತ್ತರ ಬರುತ್ತದೆ. ಪಿಎಂ (ಮರಣೋತ್ತರ ಪರೀಕ್ಷೆ) ರಿಪೋರ್ಟಿನಲ್ಲಿ ‘ಎಫ್‌ಎಸ್‌ಎಲ್ ವರದಿ ಬರುವವರೆಗೆ ಅಭಿಪ್ರಾಯ ಕಾಯ್ದಿರಿಸಲಾಗಿದೆ’ ಎಂದಿರುತ್ತದೆ. ಎಫ್‌ಎಸ್‌ಎಲ್ (ವಿಧಿವಿಜ್ಞಾನ ಪ್ರಯೋಗಾಲಯ) ವರದಿಗೆ ತಿಂಗಳುಗಟ್ಟಲೆ ಕಾಯಬೇಕು. ಅಷ್ಟರಲ್ಲಿ ಅಕ್ಕಪಕ್ಕದ ಅಂಗಡಿಯ ಸಿಸಿಟಿವಿ ದೃಶ್ಯಗಳ ಮೇಲೆ ಹೊಸ ದೃಶ್ಯಗಳು ಕೂತಿರುತ್ತವೆ, ಮನೆ ಸುಣ್ಣಬಣ್ಣ ಕಂಡಿರುತ್ತದೆ, ಮೊಬೈಲು ಯಾರ ಕೈಯಲ್ಲಿದೆಯೋ ಗೊತ್ತಿರುವುದಿಲ್ಲ. ಶವಪಂಚನಾಮೆಯ ಉದ್ದೇಶ ಸೀಮಿತವಾದದ್ದು, ಸಾವು ಮೇಲ್ನೋಟಕ್ಕೆ ಹೇಗಾಯಿತು ಎಂದು ತಿಳಿಯುವುದಷ್ಟೇ ಅದರ ಕೆಲಸ, ಯಾರು ಹೊಡೆದರು, ಹೇಗೆ ಹೊಡೆದರು ಎಂಬ ವಿವರ ಅದರ ವ್ಯಾಪ್ತಿಗೆ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1975ರಷ್ಟು ಹಿಂದೆಯೇ ಹೇಳಿದೆ. ಸೀಮಿತ ಉದ್ದೇಶದ ಆ ವಿಚಾರಣೆಯನ್ನು ನಾವು ಪೂರ್ಣ ತನಿಖೆಯ ಸ್ಥಾನದಲ್ಲಿ ಕೂರಿಸಿದ್ದೇವೆ.

ಹಾಗಾದರೆ ನೊಂದ ಕುಟುಂಬಕ್ಕೆ ನ್ಯಾಯಾಲಯದ ಬಾಗಿಲು ಮುಚ್ಚಿದೆಯೇ ಎಂದರೆ, ಕಾನೂನಿನ ಪುಸ್ತಕದಲ್ಲಿ ಮುಚ್ಚಿಲ್ಲ. ಈ ವಿಷಯದ ಮುಖ್ಯ ತೀರ್ಪು ಹುಟ್ಟಿದ್ದೇ ಒಂದು ಅನುಮಾನಾಸ್ಪದ ಸಾವಿನಿಂದ. 2003ರ ಆಗಸ್ಟ್‌ನಲ್ಲಿ ಸೇನೆಯ ಮೇಜರ್ ಒಬ್ಬರ ಶವ ಮಥುರಾ ರೈಲು ನಿಲ್ದಾಣದಲ್ಲಿ ಸಿಕ್ಕಿತು. ರೈಲ್ವೆ ಪೊಲೀಸರು ಅಪಘಾತ ಅಥವಾ ಆತ್ಮಹತ್ಯೆ ಎಂದರು, ಸೇನೆಯ ವಿಚಾರಣೆಗಳು ಆತ್ಮಹತ್ಯೆ ಎಂದವು, ತಂದೆ ಕೊಲೆ ಎಂದರು. ಸಿಬಿಐ ತನಿಖೆ ಕೋರಿ ಅವರು ಸುಪ್ರೀಂ ಕೋರ್ಟಿನವರೆಗೆ ಹೋದರು. ಸಾಕಿರಿ ವಾಸು ಪ್ರಕರಣ ಎಂದು ವಕೀಲರೆಲ್ಲರಿಗೂ ಪರಿಚಿತವಾದ ಆ ಮೊಕದ್ದಮೆಯಲ್ಲಿ 2007ರ ಡಿಸೆಂಬರ್‌ನಲ್ಲಿ ಬಂದ ತೀರ್ಪು ಸಿಬಿಐ ಕೋರಿಕೆಯನ್ನು ಒಪ್ಪಲಿಲ್ಲ. ಅದರ ಬದಲು, ಎಫ್‌ಐಆರ್ ದಾಖಲಿಸಲು ಆದೇಶಿಸುವ ಅಧಿಕಾರದಲ್ಲಿ ತನಿಖೆ ಸರಿಯಾಗಿ ನಡೆಯುವಂತೆ ನೋಡಿಕೊಳ್ಳುವ, ಅದರ ಮೇಲೆ ನಿಗಾ ಇಡುವ ಅಧಿಕಾರವೂ ಅಡಗಿದೆ, ಆದ್ದರಿಂದ ಪ್ರತಿಯೊಬ್ಬರೂ ಹೈಕೋರ್ಟಿಗೆ ಧಾವಿಸದೆ ಮೊದಲು ಮ್ಯಾಜಿಸ್ಟ್ರೇಟರ ಬಳಿ ಹೋಗಬೇಕು ಎಂದಿತು. 2019ರ ಅಕ್ಟೋಬರ್‌ನಲ್ಲಿ ವಿನೂಭಾಯಿ ಮಾಲವೀಯ ಪ್ರಕರಣದ ತೀರ್ಪು ಇದನ್ನು ಇನ್ನೂ ಮುಂದಕ್ಕೆ ಒಯ್ದು, ವಿಚಾರಣೆ ಆರಂಭವಾಗುವ ತನಕ ಮ್ಯಾಜಿಸ್ಟ್ರೇಟರು ಹೆಚ್ಚಿನ ತನಿಖೆಗೆ ಆದೇಶಿಸಬಹುದು ಎಂದು ಸ್ಪಷ್ಟಪಡಿಸಿತು.

ಅಧಿಕಾರವಿದೆ ಎಂಬುದಕ್ಕೂ ಅದು ಸಕಾಲದಲ್ಲಿ ಬಳಕೆಯಾಗುತ್ತದೆ ಎಂಬುದಕ್ಕೂ ದೂರವಿದೆ. ಮ್ಯಾಜಿಸ್ಟ್ರೇಟರ ಬಳಿ ಹೋಗುವ ಮೊದಲು ಠಾಣೆಗೆ ದೂರು ಕೊಟ್ಟಿರಬೇಕು, ಅಲ್ಲಿ ಆಗದಿದ್ದರೆ ಎಸ್‌ಪಿಗೆ ಲಿಖಿತ ದೂರು ಕಳುಹಿಸಿರಬೇಕು, ಆಮೇಲೆ ಅಫಿಡವಿಟ್‌ನೊಂದಿಗೆ ಅರ್ಜಿ ಹಾಕಬೇಕು, ಮ್ಯಾಜಿಸ್ಟ್ರೇಟರು ಪೊಲೀಸರ ವಿವರಣೆಯನ್ನೂ ಪರಿಗಣಿಸಬೇಕು ಎಂದು ಹೊಸ ಸಂಹಿತೆಯ 175ನೇ ಕಲಮು ಹೇಳುತ್ತದೆ. ಸುಳ್ಳು ದೂರುಗಳನ್ನು ತಡೆಯಲು ಇಂಥ ಜರಡಿ ಬೇಕೆಂಬುದು ಸರಿ. ಸಾಲದ ತಗಾದೆಯನ್ನು ಕ್ರಿಮಿನಲ್ ಪ್ರಕರಣವಾಗಿಸುವವರನ್ನು ಎಲ್ಲ ನ್ಯಾಯಾಲಯಗಳೂ ಕಂಡಿವೆ. ಅದೇ ಜರಡಿಯಲ್ಲಿ, ಮಗನ ಹನ್ನೊಂದನೇ ದಿನದ ಕರ್ಮ ಮುಗಿಸಿ ಬಂದ ತಾಯಿಯೂ ಹಾಯಬೇಕಾಗುತ್ತದೆ. ಠಾಣೆಯಿಂದ ಹಿಂಬರಹ ಪಡೆಯಲು ಅಲೆದು, ಪಂಚನಾಮೆಯ ನಕಲು ಕೈಗೆ ಸಿಗದೆ, ಕೊನೆಗೆ ಅರ್ಜಿ ಹಾಕುವ ಹೊತ್ತಿಗೆ ಕಳೆದಿರುವುದು ವಾರಗಳೋ ತಿಂಗಳುಗಳೋ. ನ್ಯಾಯಾಲಯ ಆಗ ಎಷ್ಟು ಒಳ್ಳೆಯ ಆದೇಶ ಕೊಟ್ಟರೂ ಅದು ಬೂದಿಯ ಮೇಲೆ ಕೊಟ್ಟ ಆದೇಶ.

ಕಡತ ಮುಚ್ಚುವ ಹಂತದಲ್ಲಿ ಈ ಕೊರತೆ ಇನ್ನೂ ಎದ್ದುಕಾಣುತ್ತದೆ. ಎಫ್‌ಐಆರ್ ಆದ ಪ್ರಕರಣದಲ್ಲಿ ಪೊಲೀಸರು ಬಿ ರಿಪೋರ್ಟ್ ಹಾಕಿದರೆ, ಅದನ್ನು ಒಪ್ಪುವ ಮೊದಲು ದೂರುದಾರರಿಗೆ ನೋಟಿಸ್ ಕೊಟ್ಟು ಅವರ ಮಾತು ಕೇಳಬೇಕು ಎಂದು 1985ರ ಭಗವಂತ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ನಿಯಮ ಮಾಡಿದೆ. ಗಾಯಗೊಂಡವರಿಗೆ ಅಥವಾ ಮೃತರ ಬಂಧುಗಳಿಗೆ, ಅವರೇ ದೂರುದಾರರಾಗಿರದಿದ್ದರೆ, ನೋಟಿಸ್ ಪಡೆಯುವ ಹಕ್ಕಿಲ್ಲ. ಆದರೆ ತಾವಾಗಿ ಬಂದರೆ ಅವರ ಮಾತನ್ನು ಕೇಳಬೇಕು ಎಂದೂ ಅದೇ ತೀರ್ಪು ಹೇಳಿದೆ. ನೋಟಿಸೇ ಇಲ್ಲದೆ ಅವರು ಯಾವ ದಿನ ಬರಬೇಕು ಎಂದು ತಿಳಿಯುವುದು ಹೇಗೆ ಎಂಬ ಪ್ರಶ್ನೆ ಉಳಿಯುತ್ತದೆ, ಇರಲಿ. ಯುಡಿಆರ್‌ನಲ್ಲಿ ಇಷ್ಟೂ ಇಲ್ಲ. ಅಂತಿಮ ವರದಿ ಉಪವಿಭಾಗಾಧಿಕಾರಿಯ ಕಚೇರಿಗೆ ಹೋಗಿ, ಕಾರಣ ವಿವರಿಸುವ ಆದೇಶವಿಲ್ಲದೆ ಕಡತ ಮುಗಿಯುತ್ತದೆ. ಮಗ ಸತ್ತದ್ದು ಹೇಗೆಂದು ಸರ್ಕಾರ ತೀರ್ಮಾನಿಸಿದೆ ಎಂಬುದು ತಂದೆತಾಯಿಗೆ ಎಷ್ಟೋ ಸಲ ಗೊತ್ತಾಗುವುದು ವಿಮೆಯ ಹಣಕ್ಕೆ ಕಾಗದಪತ್ರ ಹುಡುಕುವಾಗ. ತನಿಖೆಯ ಪ್ರಗತಿಯನ್ನು 90 ದಿನಗಳೊಳಗೆ ದೂರುದಾರರಿಗೆ ಅಥವಾ ಸಂತ್ರಸ್ತರಿಗೆ ತಿಳಿಸಬೇಕು ಎಂದು ಹೊಸ ಸಂಹಿತೆ 193ನೇ ಕಲಮಿನಲ್ಲಿ ಹೇಳಿದೆ, ಸಂತ್ರಸ್ತರ ವ್ಯಾಖ್ಯೆಯಲ್ಲಿ ಕಾನೂನುಬದ್ಧ ವಾರಸುದಾರರೂ ಸೇರಿದ್ದಾರೆ. ಇಷ್ಟು ಉತ್ತಮ ನಿಯಮವನ್ನು ಯುಡಿಆರ್ ಕಡತಗಳಿಗೂ ವಿಸ್ತರಿಸಲು ಡಿಜಿಪಿಯವರ ಒಂದು ಸುತ್ತೋಲೆ ಸಾಕಾಗಬಹುದು.

ಹೆಸರಿದ್ದವರ ಸಾವಿನಲ್ಲಿ ಈ ವ್ಯವಸ್ಥೆ ಬೇರೆಯೇ ರೀತಿಯಲ್ಲಿ ನಡೆದುಕೊಳ್ಳುತ್ತದೆ ಎಂಬುದನ್ನು ಕರ್ನಾಟಕದವರು ಕಣ್ಣಾರೆ ಕಂಡಿದ್ದಾರೆ. 2015ರ ಮಾರ್ಚ್‌ನಲ್ಲಿ ಐಎಎಸ್ ಅಧಿಕಾರಿ ಡಿ.ಕೆ. ರವಿ ಬೆಂಗಳೂರಿನಲ್ಲಿ ಮೃತರಾದಾಗ ರಾಜ್ಯದೆಲ್ಲೆಡೆ ಪ್ರತಿಭಟನೆ ನಡೆದು, ಕೆಲವೇ ದಿನಗಳಲ್ಲಿ ತನಿಖೆ ಸಿಬಿಐಗೆ ಹೋಯಿತು. ಅದು ಆತ್ಮಹತ್ಯೆ ಎಂದು ಸಿಬಿಐ ತೀರ್ಮಾನಿಸಿತು. 2016ರ ಜುಲೈನಲ್ಲಿ ಡಿವೈಎಸ್‌ಪಿ ಎಂ.ಕೆ. ಗಣಪತಿ ಮಡಿಕೇರಿಯ ವಸತಿಗೃಹವೊಂದರಲ್ಲಿ ಮೃತರಾಗಿ ಕಂಡುಬಂದಾಗ, ಅಲ್ಲಿನ ನ್ಯಾಯಾಲಯವು ಕುಟುಂಬದವರ ಖಾಸಗಿ ದೂರಿನ ಮೇಲೆ ಎಫ್‌ಐಆರ್‌ಗೆ ನಿರ್ದೇಶಿಸಿತು, ಸಿಐಡಿ ಬಿ ರಿಪೋರ್ಟ್ ಸಲ್ಲಿಸಿತು, 2017ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ತನಿಖೆಯನ್ನು ಸಿಬಿಐಗೆ ವಹಿಸಿತು, 2019ರಲ್ಲಿ ಸಿಬಿಐ ಕೂಡ ಮುಕ್ತಾಯ ವರದಿ ಕೊಟ್ಟಿತು. ಈ ಪ್ರಕರಣಗಳ ಸತ್ಯಾಸತ್ಯ ಇಲ್ಲಿ ನನ್ನ ವಿಷಯವಲ್ಲ. ಗಮನಿಸಬೇಕಾದದ್ದು, ಮಡಿಕೇರಿಯ ಪ್ರಕರಣದಲ್ಲಿ ಒಂದೊಂದು ಹಂತದ ವರದಿಯೂ ನ್ಯಾಯಾಧೀಶರ ಮುಂದೆ ಬಂದು, ಅದನ್ನು ಪ್ರಶ್ನಿಸುವ ಅವಕಾಶ ಮೃತರ ಮನೆಯವರಿಗೆ ದೊರೆಯಿತು ಎಂಬುದು. ಕೊನೆಯ ಉತ್ತರ ಆತ್ಮಹತ್ಯೆ ಎಂದೇ ಆದರೂ, ಪರಿಶೀಲನೆಯ ನಂತರ ಬಂದ ಉತ್ತರಕ್ಕೂ ಠಾಣೆಯಲ್ಲೇ ಮುಚ್ಚಿಹೋದ ಉತ್ತರಕ್ಕೂ ತೂಕದಲ್ಲಿ ವ್ಯತ್ಯಾಸವಿದೆ. ಕೂಲಿಕಾರನ ಸಾವಿಗೆ ಮೆರವಣಿಗೆ ನಡೆಯುವುದಿಲ್ಲ, ಅವನ ಮನೆಯವರು ದೆಹಲಿಯವರೆಗೆ ವಕೀಲರನ್ನು ಇಡಲಾರರು. ಎಲ್ಲ ಸಾವುಗಳಿಗೂ ಸಿಬಿಐ ಬೇಕೆಂದು ಯಾರೂ ಕೇಳಬಾರದು. ಅಂಥ ಆದೇಶಗಳು ಅಸಾಧಾರಣ ಸಂದರ್ಭಗಳಿಗೆ ಮೀಸಲು ಎಂದು 2010ರಲ್ಲಿ ಸಂವಿಧಾನ ಪೀಠವೇ ಎಚ್ಚರಿಸಿದೆ. ಕೇಳಬೇಕಾದದ್ದು ತಾಲ್ಲೂಕಿನ ನ್ಯಾಯಾಧೀಶರ ಸಾಮಾನ್ಯ ಗಮನವನ್ನು.

ನಾನು ಕೇಳುತ್ತಿರುವ ತತ್ವ ಹೊಸದಲ್ಲ, ಸಂಸತ್ತು ಒಂದು ಬಗೆಯ ಸಾವಿನ ವಿಷಯದಲ್ಲಿ ಈಗಾಗಲೇ ಒಪ್ಪಿರುವಂಥದ್ದು. ಪೊಲೀಸ್ ವಶದಲ್ಲಿ ಅಥವಾ ನ್ಯಾಯಾಲಯದ ಆದೇಶದಂತೆ ಬೇರೆ ವಶದಲ್ಲಿದ್ದವರು ಸತ್ತರೆ, ಪೊಲೀಸರ ವಿಚಾರಣೆಯ ಜೊತೆಗೆ ನ್ಯಾಯಿಕ ಮ್ಯಾಜಿಸ್ಟ್ರೇಟರೇ ವಿಚಾರಣೆ ನಡೆಸಬೇಕು ಎಂದು 2005ರ ತಿದ್ದುಪಡಿ ವಿಧಿಸಿತು. ಹೊಸ ಸಂಹಿತೆಯ 196ನೇ ಕಲಮಿನಲ್ಲಿ ಅದು ಉಳಿದಿದೆ. ಸಾಧ್ಯವಿದ್ದಲ್ಲೆಲ್ಲ ಮೃತರ ಬಂಧುಗಳಿಗೆ ತಿಳಿಸಿ, ವಿಚಾರಣೆಯಲ್ಲಿ ಹಾಜರಿರಲು ಬಿಡಬೇಕು ಎಂದೂ ಅಲ್ಲಿದೆ. 2020ರ ಜೂನ್‌ನಲ್ಲಿ ತಮಿಳುನಾಡಿನ ಸಾತಾನ್‌ಕುಳಂನಲ್ಲಿ ತಂದೆ ಮತ್ತು ಮಗ ಪೊಲೀಸರ ವಶಕ್ಕೆ ಸಿಕ್ಕಿ ಸತ್ತಾಗ, ಮದ್ರಾಸ್ ಹೈಕೋರ್ಟಿನ ಮದುರೈ ಪೀಠವು ಸ್ವಯಂಪ್ರೇರಿತವಾಗಿ ಪ್ರಕರಣವನ್ನು ಕೈಗೆತ್ತಿಕೊಂಡು, ಕೋವಿಲ್‌ಪಟ್ಟಿಯ ಮ್ಯಾಜಿಸ್ಟ್ರೇಟರನ್ನು ಠಾಣೆಗೇ ಕಳುಹಿಸಿತು. ಸಾಕ್ಷ್ಯ ನಾಶವಾಗದಿರಲೆಂದು ಠಾಣೆಯನ್ನು ಕಂದಾಯ ಅಧಿಕಾರಿಗಳ ಸುಪರ್ದಿಗೆ ಒಪ್ಪಿಸಿತು. ಠಾಣೆಯ ಸಿಸಿಟಿವಿಯಲ್ಲಿ ಬೇಕಾದಷ್ಟು ಸಂಗ್ರಹ ಸಾಮರ್ಥ್ಯವಿದ್ದರೂ ದೃಶ್ಯಗಳು ದಿನದಿನವೂ ತಾವಾಗಿ ಅಳಿಸಿಹೋಗುವಂತೆ ಹೊಂದಿಸಲಾಗಿತ್ತು ಎಂಬುದು ಬಯಲಾದದ್ದು ಆ ಮ್ಯಾಜಿಸ್ಟ್ರೇಟರ ಭೇಟಿಯಿಂದ. ಅದೇ ವರ್ಷದ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಪರಮವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ಎಲ್ಲ ಠಾಣೆಗಳಲ್ಲೂ ಸಿಸಿಟಿವಿ ಕಡ್ಡಾಯ ಮಾಡಿತು. ನ್ಯಾಯಾಧೀಶರೊಬ್ಬರು ಬೇಗ ಸ್ಥಳಕ್ಕೆ ಹೋದರೆ ಏನೆಲ್ಲ ಉಳಿಯುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ನನಗೆ ಗೊತ್ತಿಲ್ಲ. ಮದುವೆಯಾಗಿ ಏಳು ವರ್ಷದೊಳಗಿನ ಹೆಣ್ಣುಮಕ್ಕಳ ಸಾವಿನಲ್ಲಿ 1983ರ ತಿದ್ದುಪಡಿಯ ಫಲವಾಗಿ ಮ್ಯಾಜಿಸ್ಟ್ರೇಟ್ ವಿಚಾರಣೆ ಕಡ್ಡಾಯವಾಗಿದೆ, ಆದರೆ ಅಲ್ಲಿ ಬರುವವರು ತಹಶೀಲ್ದಾರರು. ಎಂಟನೇ ವರ್ಷದಲ್ಲಿ ಸತ್ತವಳಿಗೆ ಅದೂ ಖಚಿತವಿಲ್ಲ.

ಇದಕ್ಕೆ ಬರಬಹುದಾದ ಆಕ್ಷೇಪಗಳಲ್ಲಿ ಒಂದು ನಿಜಕ್ಕೂ ತೂಕದ್ದು. ತನಿಖೆ ಪೊಲೀಸರ ಕ್ಷೇತ್ರ, ನ್ಯಾಯಾಲಯದ ಕೆಲಸ ಆಮೇಲಿನದು, ಎರಡೂ ಪರಸ್ಪರ ಪೂರಕವೇ ಹೊರತು ಒಂದರ ಮೇಲೊಂದು ಬೀಳುವಂಥವಲ್ಲ ಎಂದು 1944ರಲ್ಲಿ ನಜೀರ್ ಅಹ್ಮದ್ ಪ್ರಕರಣದಲ್ಲಿ, ಆಗಿನ ಅತ್ಯುನ್ನತ ಮೇಲ್ಮನವಿ ನ್ಯಾಯಾಲಯವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಹೇಳಿದ ಮಾತು ಇಂದಿಗೂ ಉಲ್ಲೇಖವಾಗುತ್ತದೆ. ಆರೋಪಪಟ್ಟಿ ಸಲ್ಲಿಸಿ ಎಂದು ಮ್ಯಾಜಿಸ್ಟ್ರೇಟರು ಪೊಲೀಸರಿಗೆ ಅಪ್ಪಣೆ ಮಾಡಲಾಗದು ಎಂಬುದು 1967ರ ಅಭಿನಂದನ್ ಝಾ ತೀರ್ಪು. ಎರಡೂ ಸರಿಯಾದ ತತ್ವಗಳು. ತನಿಖೆಯನ್ನು ನಡೆಸುವ ನ್ಯಾಯಾಧೀಶ ಅದರ ಫಲವನ್ನು ಅಳೆಯಲು ಅನರ್ಹನಾಗುತ್ತಾನೆ. ನಿಗಾ ಇಡುವುದು ಬೇರೆ, ನಡೆಸುವುದು ಬೇರೆ. ಹಗ್ಗವನ್ನು ವಶಪಡಿಸಿಕೊಂಡಿದ್ದೀರಾ, ಒಳಾಂಗಗಳ ಮಾದರಿ ಪ್ರಯೋಗಾಲಯಕ್ಕೆ ಯಾವ ದಿನ ಹೋಯಿತು, ಮನೆಯವರ ಹೇಳಿಕೆ ಬರೆದುಕೊಂಡಿದ್ದೀರಾ ಎಂದು ಕೇಳುವ ನ್ಯಾಯಾಧೀಶರು, ಇಂಥವನೇ ಆರೋಪಿ ಎಂದು ಹೇಳಿದಂತಾಗುವುದಿಲ್ಲ. ಯಾವ ತೀರ್ಮಾನಕ್ಕೂ ಬರದೆ, ತೀರ್ಮಾನಕ್ಕೆ ಬೇಕಾದ ವಸ್ತುಗಳು ಉಳಿದಿವೆಯೇ ಎಂದಷ್ಟೇ ನೋಡುವ ಕೆಲಸವಿದು.

ಕೆಲಸದ ಹೊರೆಯ ಆಕ್ಷೇಪಕ್ಕೆ ನನ್ನಲ್ಲಿ ಪೂರ್ಣ ಉತ್ತರವಿಲ್ಲ. ಚೆಕ್ ಬೌನ್ಸ್ ಪ್ರಕರಣಗಳಲ್ಲಿ ಮುಳುಗಿರುವ ಜೆಎಂಎಫ್‌ಸಿ (ಪ್ರಥಮ ದರ್ಜೆ ನ್ಯಾಯಿಕ ಮ್ಯಾಜಿಸ್ಟ್ರೇಟ್) ನ್ಯಾಯಾಲಯಗಳ ಮೇಲೆ ಇನ್ನೊಂದು ಕಟ್ಟು ಹೇರುವುದು ಹಗುರವಾದ ಸಂಗತಿಯಲ್ಲ. ಆದರೂ ಎಲ್ಲ ಯುಡಿಆರ್‌ಗಳಿಗೂ ಒಂದೇ ಮಟ್ಟದ ಪರಿಶೀಲನೆ ಬೇಕಾಗಿಲ್ಲ. ಬಂಧುಗಳು ಅನುಮಾನ ವ್ಯಕ್ತಪಡಿಸಿದ್ದರೆ, ಮೃತರು ಮಕ್ಕಳಾಗಿದ್ದರೆ ಅಥವಾ ಗುರುತು ಸಿಗದವರಾಗಿದ್ದರೆ, ಸಾವು ವಸತಿಶಾಲೆ, ಆಶ್ರಮ, ಕಾರ್ಖಾನೆ, ಪುನರ್ವಸತಿ ಕೇಂದ್ರದಂಥ ಮುಚ್ಚಿದ ಜಾಗದಲ್ಲಿ ನಡೆದಿದ್ದರೆ, ಶವಪಂಚನಾಮೆಗೂ ಮರಣೋತ್ತರ ಪರೀಕ್ಷೆಗೂ ಗಾಯಗಳ ವಿಷಯದಲ್ಲಿ ತಾಳೆ ಇಲ್ಲದಿದ್ದರೆ, ಅಂಥ ಕಡತ ನ್ಯಾಯಾಧೀಶರ ಕಣ್ಣಿಗೆ ಬೀಳಲೇಬೇಕು. ಉಳಿದವುಗಳ ಪ್ರತಿ ನ್ಯಾಯಾಲಯದ ದಾಖಲೆಯಲ್ಲಿ ಇದ್ದರೆ ಸಾಕು. ಪ್ರತಿ ಅಲ್ಲಿದೆ ಎಂಬ ಅರಿವೇ ಪಂಚನಾಮೆ ಬರೆಯುವವರ ಕೈಯನ್ನು ಎಚ್ಚರದಲ್ಲಿಡುತ್ತದೆ. ಆರು ತಿಂಗಳ ನಂತರ ಗಾಯದ ವಿವರ ತಿದ್ದಲಾಗದು. ಆತ್ಮಹತ್ಯೆಯ ನೋವಿನಲ್ಲಿರುವ ಮನೆಯವರನ್ನು ಕೋರ್ಟಿಗೆ ಎಳೆದಂತಾಗುತ್ತದೆ ಎಂಬ ಆತಂಕಕ್ಕೆ, ಕಾಗದದ ಪ್ರತಿ ಕಳುಹಿಸುವುದರಿಂದ ಯಾರನ್ನೂ ಕರೆಸಿದಂತಾಗುವುದಿಲ್ಲ ಎಂದಷ್ಟೇ ಹೇಳಬಲ್ಲೆ.

ಇಂಗ್ಲೆಂಡಿನಲ್ಲಿ ಅಸಹಜ ಸಾವಿನ ಕಾರಣ ನಿರ್ಧರಿಸುವುದು ಪೊಲೀಸರಲ್ಲ, ಕೊರೊನರ್ ಎಂಬ ಸ್ವತಂತ್ರ ನ್ಯಾಯಿಕ ಅಧಿಕಾರಿ. ಬ್ರಿಟಿಷರು 1871ರ ಕಾಯ್ದೆಯ ಮೂಲಕ ಕೋಲ್ಕತ್ತ ಮತ್ತು ಮುಂಬೈಗೆ ಆ ಪದ್ಧತಿ ಕೊಟ್ಟಿದ್ದರು. ಮುಂಬೈನಲ್ಲಿ ಅದು 1999ರಲ್ಲಿ ರದ್ದಾಯಿತು. ವಿಳಂಬದ ಕಾರಣಕ್ಕೆ ಅದರ ಮೇಲೆ ದೂರುಗಳಿದ್ದವು, ಅದನ್ನು ಮರಳಿ ತರಬೇಕೆಂದು ನಾನು ಹೇಳುತ್ತಿಲ್ಲ. ನಮ್ಮಲ್ಲಿ ಇರುವ ನ್ಯಾಯಿಕ ಮ್ಯಾಜಿಸ್ಟ್ರೇಟರ ಹುದ್ದೆಯನ್ನೇ ಬಳಸಿಕೊಳ್ಳಬಹುದು.

ಕ್ರಿಮಿನಲ್ ಪ್ರಕ್ರಿಯೆ ಸಂವಿಧಾನದ ಸಮವರ್ತಿ ಪಟ್ಟಿಯಲ್ಲಿರುವುದರಿಂದ, 194ನೇ ಕಲಮಿಗೆ ಕರ್ನಾಟಕವೇ ತಿದ್ದುಪಡಿ ತಂದು ರಾಷ್ಟ್ರಪತಿಯವರ ಅಂಕಿತ ಪಡೆಯಬಹುದು. ಶವಪಂಚನಾಮೆ ವರದಿ 24 ಗಂಟೆಯೊಳಗೆ ದಂಡಾಧಿಕಾರಿಗೆ ಹೋಗುವಾಗಲೇ ಅದರ ಪ್ರತಿ ವ್ಯಾಪ್ತಿಯ ನ್ಯಾಯಿಕ ಮ್ಯಾಜಿಸ್ಟ್ರೇಟರಿಗೂ ಹೋಗತಕ್ಕದ್ದು ಎಂಬ ಒಂದು ಸಾಲು, ಯುಡಿಆರ್ ಮುಕ್ತಾಯಗೊಳಿಸುವ ಮೊದಲು ಹತ್ತಿರದ ಬಂಧುವಿಗೆ ಲಿಖಿತ ನೋಟಿಸ್ ಕೊಟ್ಟು, ಅವರು ಆಕ್ಷೇಪಿಸಿದರೆ ಕಡತವನ್ನು ಆ ಮ್ಯಾಜಿಸ್ಟ್ರೇಟರ ಮುಂದಿಟ್ಟು ಕಾರಣಸಹಿತ ಆದೇಶ ಪಡೆಯತಕ್ಕದ್ದು ಎಂಬ ಇನ್ನೊಂದು ಸಾಲು ಸೇರಿದರೆ ಬಹುಪಾಲು ಕೆಲಸ ಆಗುತ್ತದೆ. ತಿದ್ದುಪಡಿಗೆ ಕಾಲ ಹಿಡಿಯುತ್ತದೆ. ಅಲ್ಲಿಯವರೆಗೆ ಗೃಹ ಇಲಾಖೆಯು ಆಡಳಿತಾತ್ಮಕ ಆದೇಶದ ಮೂಲಕವೇ ಮಾಡಬಹುದಾದ ಕೆಲವು ಸಂಗತಿಗಳಿವೆ: ಶವವನ್ನು ಕದಲಿಸುವ ಮೊದಲು ಫೋಟೊ ಮತ್ತು ವಿಡಿಯೊ ಕಡ್ಡಾಯ ಮಾಡುವುದು, ಬಂಧುಗಳಿಗೆ ಪಂಚನಾಮೆ ಮತ್ತು ಮರಣೋತ್ತರ ವರದಿಯ ನಕಲನ್ನು ಕೇಳದೆಯೇ ಕೊಡುವುದು, ಕೊಲೆಯ ಆರೋಪ ಬಂದ ಕ್ಷಣವೇ ಯುಡಿಆರ್ ನಿಲ್ಲಿಸಿ ಎಫ್‌ಐಆರ್ ದಾಖಲಿಸುವುದು. ಕೊನೆಯದಕ್ಕೆ ಹೊಸ ಆದೇಶವೂ ಬೇಡ, ಲಲಿತಾ ಕುಮಾರಿ ತೀರ್ಪನ್ನು ಪಾಲಿಸಿದರೆ ಆಯಿತು. ರಾತ್ರಿ ಮರಣೋತ್ತರ ಪರೀಕ್ಷೆಗೆ 2021ರ ನವೆಂಬರ್‌ನಲ್ಲಿ ಅನುಮತಿ ಕೊಟ್ಟಾಗ ಕೇಂದ್ರ ಆರೋಗ್ಯ ಸಚಿವಾಲಯವು ಕೊಲೆ, ಆತ್ಮಹತ್ಯೆ, ಅತ್ಯಾಚಾರ, ಕೊಳೆತ ದೇಹ, ಅನುಮಾನಾಸ್ಪದ ಸಾವುಗಳನ್ನು ಅದರಿಂದ ಹೊರಗಿಟ್ಟಿತು. ಕಾನೂನು ಸುವ್ಯವಸ್ಥೆಯ ಅನಿವಾರ್ಯತೆ ಇದ್ದಾಗ ಮಾತ್ರ ವಿನಾಯಿತಿ. ಊರಿನ ಪ್ರಮುಖರ ಒತ್ತಡಕ್ಕೆ ಮಣಿದು ಕತ್ತಲಲ್ಲೇ ಕೆಲಸ ಮುಗಿಸುವ ಅವಸರ ಎಲ್ಲಾದರೂ ನಡೆದಿದ್ದರೆ, ವರದಿಯ ಪ್ರತಿ ಕೈಯಲ್ಲಿರುವ ಮ್ಯಾಜಿಸ್ಟ್ರೇಟರು ಮರುದಿನ ಬೆಳಿಗ್ಗೆಯೇ ಕಾರಣ ಕೇಳಬಹುದು.

ಕಡತಗಳ ಸಂರಕ್ಷಣೆಯ ವಿಷಯವನ್ನೂ ಸೇರಿಸಬೇಕು. ಕೊಲೆಯ ತನಿಖೆಗೆ ಕಾಲಮಿತಿಯಿಲ್ಲ. ಇಪ್ಪತ್ತು ವರ್ಷಗಳ ನಂತರ ಸಾಕ್ಷಿಯೊಬ್ಬರು ಬಾಯಿಬಿಟ್ಟರೂ ಕಾನೂನು ಕೇಳಿಸಿಕೊಳ್ಳುತ್ತದೆ. ಆ ಹೊತ್ತಿಗೆ ಯುಡಿಆರ್ ಕಡತ, ಫೋಟೊ, ಗುರುತಿನ ವಿವರಗಳು ಹಳೆಯ ದಾಖಲೆಗಳ ವಿಲೇವಾರಿಯ ಹೆಸರಿನಲ್ಲಿ ಇಲ್ಲವಾಗಿದ್ದರೆ ಕೇಳಿಸಿಕೊಂಡೂ ಪ್ರಯೋಜನವಿಲ್ಲ. ಗುರುತು ಸಿಗದ ಶವಗಳ ಕಡತಗಳನ್ನಂತೂ, ಸಾಧ್ಯವಿರುವಲ್ಲಿ ಡಿಎನ್‌ಎ ಮಾದರಿಯ ಸಮೇತ, ನ್ಯಾಯಾಲಯದ ಅನುಮತಿಯಿಲ್ಲದೆ ನಾಶಪಡಿಸಬಾರದು ಎಂಬ ನಿಯಮ ಬರಬೇಕು.

ತಮ್ಮ ಪತ್ರಿಕೆಯ ಜಿಲ್ಲಾ ವರದಿಗಾರರಲ್ಲಿ ಒಂದು ವಿನಂತಿಯಿದೆ. ಪ್ರತಿ ಉಪವಿಭಾಗದಲ್ಲಿ ಕಳೆದ ಐದು ವರ್ಷಗಳಲ್ಲಿ ದಾಖಲಾದ ಯುಡಿಆರ್‌ಗಳೆಷ್ಟು, ಅವುಗಳಲ್ಲಿ ಎಫ್‌ಐಆರ್ ಆಗಿ ಬದಲಾದವು ಎಷ್ಟು, ಪ್ರಯೋಗಾಲಯದ ವರದಿಗಾಗಿ ಕಾಯುತ್ತಿರುವವು ಎಷ್ಟು, ಬಂಧುಗಳಿಗೆ ತಿಳಿಸದೆ ಮುಗಿಸಿದವು ಎಷ್ಟು ಎಂಬ ಮಾಹಿತಿಯನ್ನು ಮಾಹಿತಿ ಹಕ್ಕಿನಡಿ ಕೇಳಿ ಪ್ರಕಟಿಸಿದರೆ, ಗೃಹ ಸಚಿವರೂ ಹೈಕೋರ್ಟಿನ ಆಡಳಿತವೂ ಈ ವಿಷಯವನ್ನು ಲೆಕ್ಕ ಮುಂದಿಟ್ಟುಕೊಂಡು ಚರ್ಚಿಸಲು ಅನುಕೂಲವಾಗುತ್ತದೆ.

ಇತಿ ತಮ್ಮ ವಿಶ್ವಾಸಿ,
ವಕೀಲೆಯೊಬ್ಬರು